ಸಸ್ಯಜನ್ಯ ಸ್ಟೀರಾಯ್ಡುಗಳ ನಾಮವಿಚಾರ

ರೂಢನಾಮ, ಅಂಕಿತನಾಮ, ಅನ್ವರ್ಥನಾಮ ಎಂಬ ಮೂರು ವಿಭಾಗಗಳನ್ನು ನಾವೆಲ್ಲರೂ ಪ್ರೌಢಶಾಲೆಯ ವ್ಯಾಕರಣದಲ್ಲಿಯೇ ಓದಿರುತ್ತೇವೆ. ಹೊಳೆ, ಬೆಟ್ಟ, ಮರ ಎಂಬುವು ರೂಢಿಯಿಂದ ಬಂದವು. ರಾಮ, ಕಾವೇರಿ ಎಂಬುವು ವ್ಯವಹಾರಕ್ಕಾಗಿ ಇಟ್ಟುಕೊಂಡವು. ಕುಂಟ, ವ್ಯಾಪಾರಿ, ವಿದ್ವಾಂಸ ಎಂಬುವು ಅರ್ಥಕ್ಕೆ ತಕ್ಕಂತೆ ಹುಟ್ಟಿದವು. ಪರೀಕ್ಷೆಯಲ್ಲಿ ಎರಡು ಅಂಕ ಗಳಿಸಿದ ಮೇಲೆ ಈ ವಿಭಾಗವನ್ನು ಮರೆತುಬಿಡುವುದು ವಾಡಿಕೆ. ನಾನೂ ಮರೆತಿದ್ದೆನೆಂದೇ ಹೇಳಬೇಕು. ಆದರೆ ಗಿಡಮೂಲಿಕೆಗಳ ಸತ್ತ್ವವನ್ನು ಕುರಿತ ಗ್ರಂಥವೊಂದನ್ನು ವಾಚನಾಲಯದಲ್ಲಿ ತಿರುವಿಹಾಕುತ್ತಿದ್ದಾಗ ಡಯೋಸ್‌ಜೆನಿನ್, ಟಿಗೊಜೆನಿನ್, ವಿಥನೋಲೈಡ್, ಡೋಲಿಕೋಲೈಡ್ ಮುಂತಾದ ಪದಗಳ ಒಂದು ದೊಡ್ಡ ಸಂತೆಯೇ ಎದುರಾಯಿತು. ಇವು ರೂಢವೋ, ಅಂಕಿತವೋ, ಅನ್ವರ್ಥವೋ ಎಂಬ ಪ್ರಶ್ನೆ ಅಲ್ಲಿಂದ ಹುಟ್ಟಿತು.

ನಾನು ಕಲಾ ವಿಭಾಗದ ವಿದ್ಯಾರ್ಥಿನಿ. ರಸಾಯನಶಾಸ್ತ್ರಕ್ಕೂ ನನಗೂ ಎಣ್ಣೆ ಸೀಗೆಯ ಸಂಬಂಧವೆಂದು ಗೆಳತಿಯರು ನಗಬಹುದು. ನಮ್ಮ ಮನೆಯಿಂದ ಕಾಲೇಜಿನ ಮೆಟ್ಟಿಲು ಹತ್ತಿದವರಲ್ಲಿ ನಾನೇ ಮೊದಲಿನವಳು. ಆದರೆ ಗಿಡಗಳ ಹೆಸರು ಬಲ್ಲವರಲ್ಲಿ ನಾನೇ ಕೊನೆಯವಳು. ಅಜ್ಜಿಗೆ ಬದುವಿನ ಮೇಲಿನ ಒಂದೊಂದು ಗಿಡವೂ ಹೆಸರು ಹಿಡಿದು ಕರೆಯುವಷ್ಟು ಪರಿಚಯ. ಅಕ್ಷರ ಬಲ್ಲ ನನಗೆ ಗಿಡ ತಿಳಿಯದು, ಗಿಡ ಬಲ್ಲ ಅಜ್ಜಿಗೆ ಅಕ್ಷರ ತಿಳಿಯದು. ಈ ಎರಡರ ನಡುವೆ ಹೆಸರುಗಳೇ ಸೇತುವೆಯಾಗಬಹುದೇ ಎಂಬ ಆಸೆಯೂ ಈ ಲೇಖನಕ್ಕೆ ಒಂದು ಕಾರಣ. ಇನ್ನೊಂದು ಕಾರಣವೂ ಉಂಟು, ಅದು ಕಣಗಿಲೆಯ ಗಿಡಕ್ಕೆ ಸಂಬಂಧಿಸಿದ್ದು. ಅದನ್ನು ಮುಂದೆ ಹೇಳುತ್ತೇನೆ.

ಸ್ಟೀರಾಯ್ಡ್ ಎಂದೊಡನೆ ವ್ಯಾಯಾಮಶಾಲೆಯ ಹುಡುಗರು ಕದ್ದು ಚುಚ್ಚಿಸಿಕೊಳ್ಳುವ ಸೂಜಿಮದ್ದು ನೆನಪಾಗುತ್ತದೆ. ಇದು ಆ ಪದಕ್ಕೆ ಬಂದಿರುವ ಅಪಕೀರ್ತಿ. ವಾಸ್ತವವಾಗಿ ಅದೊಂದು ಆಕಾರದ ಹೆಸರು. ನಾಲ್ಕು ಬಳೆಗಳನ್ನು ಒಂದರ ಮಗ್ಗುಲಿಗೊಂದು ಅಂಟಿಸಿಟ್ಟಂತೆ ಭಾವಿಸಿಕೊಳ್ಳಬೇಕು. ಮೂರಕ್ಕೆ ಆರಾರು ಮೂಲೆಗಳು, ನಾಲ್ಕನೆಯದಕ್ಕೆ ಐದು. ಆ ಮೂಲೆಗಳಲ್ಲಿ ಒಟ್ಟು ೧೭ ಇಂಗಾಲದ ಪರಮಾಣುಗಳು ಕುಳಿತಿರುತ್ತವೆ. ಈ ಹಂದರವಿರುವ ವಸ್ತುಗಳೆಲ್ಲವೂ ಸ್ಟೀರಾಯ್ಡುಗಳೇ. ನಮ್ಮ ರಕ್ತದಲ್ಲಿಯೂ ಅವು ಇವೆ, ಮೆಂತ್ಯದ ಕಾಳಿನಲ್ಲಿಯೂ ಇವೆ. ಹಂದರದ ಮೇಲೆ ಯಾವ ಬಳ್ಳಿ ಹಬ್ಬಿದೆಯೆಂಬುದರ ಮೇಲೆ ಒಂದು ಮದ್ದಾಗುತ್ತದೆ, ಮತ್ತೊಂದು ವಿಷವಾಗುತ್ತದೆ.

ಆ ಪದದ ಹುಟ್ಟು ಸ್ವಾರಸ್ಯವಾಗಿದೆ. ಮನುಷ್ಯನ ಪಿತ್ತಕೋಶದಲ್ಲಿ ಕಟ್ಟುವ ಕಲ್ಲಿನಿಂದ ದೊರೆತ ಬಿಳಿಯ ವಸ್ತುವಿಗೆ ಹತ್ತೊಂಬತ್ತನೆಯ ಶತಮಾನದ ಎರಡನೆಯ ದಶಕದಲ್ಲಿ ಷೆವ್ರೋಲ್ ಎಂಬ ಫ್ರೆಂಚ್ ವಿಜ್ಞಾನಿ ಕೊಲೆಸ್ಟರೀನ್ ಎಂದು ಹೆಸರಿಟ್ಟನು. ಗ್ರೀಕ್ ಭಾಷೆಯಲ್ಲಿ ಖೊಲೆ ಎಂದರೆ ಪಿತ್ತ, ಸ್ಟೆರೆಯೋಸ್ ಎಂದರೆ ಗಟ್ಟಿಯಾದದ್ದು. ಅಲ್ಲಿಂದ ಕೊಲೆಸ್ಟರಾಲ್, ಅದರ ಬಾಲದಿಂದ ಸ್ಟೆರಾಲ್, ಸ್ಟೆರಾಲಿನಂತಿರುವುದೆಂದು ೧೯೩೬ರಲ್ಲಿ ಸ್ಟೀರಾಯ್ಡ್. ಹೀಗೆ ಮಲ್ಲಿಗೆಯಂತಹ ಗಿಡದಲ್ಲಿರುವ ವಸ್ತುವಿನ ಹೆಸರಿನಲ್ಲಿಯೂ ಯಾರದೋ ಪಿತ್ತಕೋಶದ ಕಲ್ಲು ಅಡಗಿ ಕುಳಿತಿದೆ!

ಈ ಹೆಸರುಗಳನ್ನು ಬಿಡಿಸಲು ವೈಯಾಕರಣರ ಪ್ರಕೃತಿ ಪ್ರತ್ಯಯಗಳ ವಿಧಾನವೇ ಸಾಕು. ಬಳೆ ಎಂಬುದಕ್ಕೆ ಗಾರ ಸೇರಿ ಬಳೆಗಾರನಾಗುವಂತೆ, ಗಿಡದ ಹೆಸರಿನ ಒಂದು ತುಂಡಿಗೆ ರಸಾಯನಶಾಸ್ತ್ರದ ಒಂದು ಪ್ರತ್ಯಯ ಸೇರುತ್ತದೆ. ಓಲ್ ಎಂದು ಮುಗಿದರೆ ಅದು ಮದ್ಯಸಾರದ ಲಕ್ಷಣವುಳ್ಳದ್ದು. ಓಲೈಡ್ ಎಂದು ಮುಗಿದರೆ ಅದರಲ್ಲಿ ಲ್ಯಾಕ್ಟೋನ್ ಎಂಬ ಉಂಗುರವಿದೆಯೆಂದು ತಿಳಿಯಬೇಕು. ಜೆನಿನ್ ಎಂಬುದು ಸಕ್ಕರೆಯ ಭಾಗವನ್ನು ಕಳಚಿದ ಮೇಲೆ ಉಳಿಯುವ ತಿರುಳು. ಗಿಡಗಳು ಸ್ಟೀರಾಯ್ಡುಗಳನ್ನು ಬಹುಮಟ್ಟಿಗೆ ಸಕ್ಕರೆಯ ಜೊತೆಗೆ ಗಂಟುಹಾಕಿ ಇಟ್ಟಿರುತ್ತವೆ. ಅಂತಹವುಗಳಲ್ಲಿ ನೀರಿಗೆ ಹಾಕಿ ಕುಲುಕಿದರೆ ನೊರೆ ಬರುವವಕ್ಕೆ ಸಪೋನಿನ್ ಎಂದು ಹೆಸರು. ಲ್ಯಾಟಿನ್ನಿನಲ್ಲಿ ಸಪೋ ಎಂದರೆ ಸಾಬೂನು. ನಮ್ಮ ಸೀಗೆಕಾಯಿ, ಅಂಟುವಾಳಗಳ ನೊರೆಯೂ ಸಪೋನಿನ್ನಿನದೇ. ಆದರೆ ಅವುಗಳ ತಿರುಳಿಗೆ ನಾಲ್ಕರ ಬದಲು ಐದು ಬಳೆಗಳಿರುವುದರಿಂದ ಅವು ಸ್ಟೀರಾಯ್ಡುಗಳ ದಾಯಾದಿಗಳು, ಮನೆಯವರಲ್ಲ.

ಪ್ರತ್ಯಯಗಳ ಮಾತು ಇಷ್ಟು ಸಾಕು. ರಸವಿರುವುದು ಪ್ರಕೃತಿಯಲ್ಲಿ.

ಯೂರೋಪಿನ ಡಿಜಿಟಾಲಿಸ್ ಗಿಡದ ಹೂವು ದರ್ಜಿಗಳು ಹೊಲಿಯುವಾಗ ಬೆರಳಿಗೆ ತೊಡುವ ಟೊಪ್ಪಿಗೆಯಂತಿರುತ್ತದೆ. ಜರ್ಮನ್ ಜನ ಅದನ್ನು ಬೆರಳ ಟೊಪ್ಪಿಗೆ ಎಂದೇ ಕರೆಯುತ್ತಿದ್ದರು. ೧೫೪೨ರಲ್ಲಿ ಫುಕ್ಸ್ ಎಂಬ ಸಸ್ಯಶಾಸ್ತ್ರಜ್ಞನು ಆ ಆಡುಮಾತನ್ನೇ ಲ್ಯಾಟಿನ್ನಿಗೆ ತಂದು ಡಿಜಿಟಾಲಿಸ್ ಎಂದನು. ಡಿಜಿಟಸ್ ಎಂದರೆ ಬೆರಳು. ಇದಂತೂ ಶುದ್ಧ ಅನ್ವರ್ಥನಾಮ. ಮುಂದೆ ೧೮೭೫ರಲ್ಲಿ ಷ್ಮೀಡೆಬೆರ್ಗ್ ಎಂಬ ವಿದ್ವಾಂಸನು ಆ ಗಿಡದಿಂದ ಬೇರ್ಪಡಿಸಿದ ವಿಷಕ್ಕೆ ಡಿಜಿಟಾಕ್ಸಿನ್ ಎಂದು ಹೆಸರಾಯಿತು, ಇದೂ ಅನ್ವರ್ಥವೇ. ಆದರೆ ಅದೇ ಗಿಡದಿಂದ ಒಂದಾದಮೇಲೊಂದು ಹೊಸ ವಸ್ತುಗಳು ಹೊರಬೀಳತೊಡಗಿದಾಗ ಹೆಸರುಗಳ ಬರಗಾಲ ಬಂದಿತು. ಆಗ ವಿಜ್ಞಾನಿಗಳು ಮಾಡಿದ್ದೇನು? ಡಿಜಿಟಾಕ್ಸಿನ್ನಿನ ತಲೆಯನ್ನು ಹಾರಿಸಿ ಗಿಟಾಕ್ಸಿನ್ ಎಂದರು. ಡಿಜಿಟೋಜೆನಿನ್ ಆದ ಮೇಲೆ ಗಿಟೋಜೆನಿನ್ ಎಂದರು. ಅದನ್ನೇ ಹಿಂದುಮುಂದಾಗಿ ತಿರುಗಿಸಿ ಟಿಗೊಜೆನಿನ್ ಎಂದರು. ಟಿಗೊ ಎಂಬುದಕ್ಕೆ ಯಾವ ಭಾಷೆಯಲ್ಲಿಯೂ ಅರ್ಥವನ್ನು ಹುಡುಕಬೇಕಾಗಿಲ್ಲ; ಅದು ಮಕ್ಕಳ ಅಕ್ಷರದಾಟ. ನೋಡಲು ಅನ್ವರ್ಥದಂತೆ ಗಂಭೀರವಾಗಿ ಕುಳಿತಿದ್ದರೂ ಒಳಗೆ ಬರಿಯ ಅಂಕಿತ. ನಾನು ಕಂಡ ಹೆಸರುಗಳಲ್ಲಿ ನನಗೆ ಹೆಚ್ಚು ನಗು ತಂದದ್ದು ಇದೇ.

ಈ ಗಿಡವನ್ನು ವೈದ್ಯಶಾಸ್ತ್ರಕ್ಕೆ ಪರಿಚಯಿಸಿದ ಇಂಗ್ಲೆಂಡಿನ ವಿಲಿಯಂ ವಿದರಿಂಗ್ ೧೭೮೫ರಲ್ಲಿ ಬರೆದ ಪುಸ್ತಕದಲ್ಲಿ ತನಗೆ ಇದರ ಸುಳಿವು ಸಿಕ್ಕಿದ್ದು ಷ್ರಾಪ್‌ಷೈರಿನ ಒಬ್ಬ ಮುದುಕಿಯ ಮನೆಮದ್ದಿನಿಂದ ಎಂದು ಒಪ್ಪಿಕೊಂಡಿದ್ದಾನೆ. ಇಪ್ಪತ್ತಕ್ಕೂ ಹೆಚ್ಚು ಸೊಪ್ಪುಗಳ ಆ ಕಷಾಯದಲ್ಲಿ ಕೆಲಸ ಮಾಡುತ್ತಿದ್ದದ್ದು ಡಿಜಿಟಾಲಿಸ್ ಒಂದೇ ಎಂಬುದನ್ನು ಕಂಡುಕೊಂಡದ್ದು ಅವನ ಜಾಣ್ಮೆ. ಮುದುಕಿಯ ಹೆಸರನ್ನು ಮಾತ್ರ ಅವನು ಬರೆಯಲಿಲ್ಲ.

ಇನ್ನು ಡಯೋಸ್‌ಜೆನಿನ್. ಇದರ ಮೂಲ ಡಯೋಸ್ಕೋರಿಯ ಎಂಬ ಕಾಡುಗೆಣಸಿನ ಕುಲ. ಕ್ರಿಸ್ತಶಕ ಒಂದನೆಯ ಶತಮಾನದಲ್ಲಿ ಮೂಲಿಕೆಗಳ ಮೇಲೆ ಮಹಾಗ್ರಂಥ ಬರೆದ ಗ್ರೀಕ್ ವೈದ್ಯ ಡಯೋಸ್ಕೊರಿಡೀಸನ ಗೌರವಾರ್ಥ ಈ ಕುಲಕ್ಕೆ ಆ ಹೆಸರು. ಜಪಾನಿನಲ್ಲಿ ೧೯೩೬ರಲ್ಲಿ ಅಲ್ಲಿಯ ಗೆಣಸೊಂದರಿಂದ ಈ ವಸ್ತು ಮೊದಲು ದೊರೆಯಿತು. ಅದಕ್ಕೆ ಲೋಕಪ್ರಸಿದ್ಧಿ ಬಂದದ್ದು ಅಮೆರಿಕದ ರಸಲ್ ಮಾರ್ಕರ್ ಎಂಬ ರಸಾಯನಜ್ಞನಿಂದ. ಡಯೋಸ್‌ಜೆನಿನ್ನಿನ ಬಾಲವನ್ನು ಕತ್ತರಿಸಿದರೆ ಸ್ತ್ರೀಯರ ಗರ್ಭಧಾರಣೆಗೆ ಅವಶ್ಯವಾದ ಪ್ರೊಜೆಸ್ಟರೋನ್ ಎಂಬ ಹಾರ್ಮೋನನ್ನು ಪಡೆಯಬಹುದೆಂದು ಅವನು ತೋರಿಸಿದನು. ಅದುವರೆಗೆ ಪ್ರಾಣಿಗಳ ಅಂಗಗಳಿಂದ ಕಣಕಣವಾಗಿ ಬರುತ್ತಿದ್ದ ಆ ವಸ್ತುವಿಗೆ ಚಿನ್ನವನ್ನು ಮೀರಿದ ಬೆಲೆ. ದೊಡ್ಡ ಗೆಣಸುಗಳನ್ನು ಹುಡುಕುತ್ತ ಮಾರ್ಕರ್ ೧೯೪೨ರಲ್ಲಿ ಮೆಕ್ಸಿಕೋ ದೇಶದ ವೆರಾಕ್ರೂಸ್ ಪ್ರಾಂತಕ್ಕೆ ಹೋದನು. ೧೯೪೪ರಲ್ಲಿ ಅಲ್ಲಿ ಸಿಂಟೆಕ್ಸ್ ಎಂಬ ಕಂಪನಿ ಹುಟ್ಟಿತು. ಮಾರ್ಕರ್ ಬೇಗನೆ ಅದನ್ನು ಬಿಟ್ಟುಹೋದರೂ ಕೆಲಸ ನಿಲ್ಲಲಿಲ್ಲ; ೧೯೫೧ರಲ್ಲಿ ಅದೇ ಕಂಪನಿಯ ಪ್ರಯೋಗಶಾಲೆಯಲ್ಲಿ ಗರ್ಭನಿರೋಧಕ ಗುಳಿಗೆಗೆ ಬೇಕಾದ ನಾರೆಥಿಸ್ಟರೋನ್ ಸಿದ್ಧವಾಯಿತು. ಜಗತ್ತಿನ ಲಕ್ಷಾಂತರ ಹೆಣ್ಣುಮಕ್ಕಳ ಬಾಳನ್ನು ಬದಲಿಸಿದ ಗುಳಿಗೆ ಅದು.

ಆ ಉದ್ಯಮಕ್ಕೆ ಗೆಣಸನ್ನು ಕಾಡಿನಿಂದ ಅಗೆದು ಹೊತ್ತುತಂದವರು ಮೆಕ್ಸಿಕೋದ ಬಡ ರೈತರು. ಅವರ ಬಾಯಲ್ಲಿ ಅದು ಬಾರ್ಬಾಸ್ಕೊ. ಹೊಳೆಗೆ ಹಾಕಿ ಮೀನುಗಳಿಗೆ ಮಂಪರು ಬರಿಸುವ ಸಸ್ಯಗಳಿಗೆ ಆ ಕಡೆ ಇರುವ ಸಾಮಾನ್ಯ ಹೆಸರದು. ನಮ್ಮಲ್ಲಿ ಕಾರೆಕಾಯಿಯನ್ನು ಜಜ್ಜಿ ಮಡುವಿಗೆ ಹಾಕುವಂತೆ. ಗೆಣಸಿನಲ್ಲಿ ಇಂತಹದೊಂದು ಸತ್ತ್ವವಿದೆಯೆಂಬ ಅರಿವು ಆ ಹೆಸರಿನಲ್ಲಿಯೇ ಇದ್ದಿತು. ಆದರೆ ರಸಾಯನಶಾಸ್ತ್ರದ ನಾಮಾವಳಿಯಲ್ಲಿ ಉಳಿದದ್ದು ಮೆಕ್ಸಿಕೋವನ್ನು ಕನಸಿನಲ್ಲಿಯೂ ಕಾಣದ ಗ್ರೀಕ್ ವೈದ್ಯನ ಹೆಸರು.

ಹಾಗೆಂದು ಎಲ್ಲ ಕಡೆಯೂ ಹೀಗೆಯೇ ಆಗಿದೆಯೆಂದು ದೂರುವುದು ನ್ಯಾಯವಲ್ಲ. ಆಫ್ರಿಕದ ಸೋಮಾಲಿ ಜನ ಬಾಣದ ತುದಿಗೆ ಬಳಿಯುತ್ತಿದ್ದ ವಿಷದ ಹೆಸರನ್ನೇ ಆರ್ನೋ ಎಂಬ ಫ್ರೆಂಚ್ ರಸಾಯನಜ್ಞನು ೧೮೮೮ರಲ್ಲಿ ಉಳಿಸಿಕೊಂಡು ಊಆಬೈನ್ ಎಂದನು. ಜಪಾನಿನವರು ಇನ್ನೂ ಮುಂದೆ ಹೋದರು. ತಮ್ಮ ಗೆಣಸಿನ ನಾಡಹೆಸರು ಟೊಕೊರೊ. ಅದರಿಂದ ದೊರೆತ ಮತ್ತೊಂದು ವಸ್ತು ಟೊಕೊರೊಜೆನಿನ್. ನಮ್ಮ ಉತ್ತರಾಣಿಯ ಕುಲಕ್ಕೇ ಸೇರಿದ ಅವರ ಗಿಡವೊಂದಕ್ಕೆ ಇನೊಕೊಜುಚಿ ಎಂದು ಹೆಸರು. ಅದರ ಸತ್ತ್ವ ಇನೊಕೊಸ್ಟರೋನ್. ಈ ಇನೊಕೊಸ್ಟರೋನ್ ಹುಳುಗಳು ಪೊರೆ ಕಳಚುವಂತೆ ಮಾಡುವ ಹಾರ್ಮೋನಿನ ಒಡಹುಟ್ಟು. ರೇಷ್ಮೆ ಸಾಕುವ ನಮ್ಮ ರೈತರು ಹುಳುವಿಗೆ ಜ್ವರ ಬಂದಿದೆ ಎನ್ನುತ್ತಾರಲ್ಲ, ಆ ನಾಲ್ಕು ಜ್ವರಗಳನ್ನು ಬರಿಸುವುದು ಇದೇ ಜಾತಿಯ ವಸ್ತು. ೧೯೫೪ರಲ್ಲಿ ಜರ್ಮನಿಯ ಬುಟೆನಾಂಟ್ ಮತ್ತು ಕಾರ್ಲ್‌ಸನ್ ಎಂಬವರು ೫೦೦ ಕಿಲೋಗ್ರಾಂ ರೇಷ್ಮೆ ಕೋಶಗಳಿಂದ ಅದನ್ನು ಪಡೆದದ್ದು ಕೇವಲ ೨೫ ಮಿಲಿಗ್ರಾಂ. ಅಂತಹ ವಸ್ತು ಗಿಡಗಳಲ್ಲಿ ಧಾರಾಳವಾಗಿದೆಯೆಂಬುದು ೧೯೬೦ರ ದಶಕದಲ್ಲಿ ತಿಳಿದಾಗ ವಿದ್ವಾಂಸರು ಬೆರಗಾದರು. ಅದು ಹೇಗೂ ಇರಲಿ. ಪ್ರಯೋಗಶಾಲೆ ಯಾರದೋ ಭಾಷೆಯೂ ಅವರದೇ ಎಂಬುದು ಈ ಹೆಸರುಗಳಿಂದ ಸ್ಪಷ್ಟವಾಗುತ್ತದೆ.

ನಮ್ಮ ನಾಡಿನ ಗಿಡಗಳ ಪಾಡೇನು? ಅಶ್ವಗಂಧಕ್ಕೆ ಆ ಹೆಸರು ಬಂದದ್ದು ಬೇರಿನಲ್ಲಿ ಕುದುರೆಯ ವಾಸನೆ ಇರುವುದರಿಂದ. ಲ್ಯಾಟಿನ್ನಿನಲ್ಲಿ ಅದಕ್ಕೆ ಸೋಮ್ನಿಫೆರ, ಅಂದರೆ ನಿದ್ರೆ ತರುವುದು, ಎಂಬ ವಿಶೇಷಣವಿದೆ. ಕನ್ನಡದವರು ವಾಸನೆಗೂ ಹೋಗದೆ ನಿದ್ರೆಗೂ ಹೋಗದೆ ಹಿರೇಮದ್ದು ಎಂದು ಒಂದೇ ಮಾತಿನಲ್ಲಿ ಮುಗಿಸಿದರು. ಇಷ್ಟೆಲ್ಲ ಇದ್ದರೂ ಅದರ ಸ್ಟೀರಾಯ್ಡುಗಳಿಗೆ ವಿಥನೋಲೈಡ್ ಎಂದು ಹೆಸರು. ವಿಥೇನಿಯ ಎಂಬ ಕುಲನಾಮ ಹೆನ್ರಿ ವಿಥಮ್ ಎಂಬ ಇಂಗ್ಲಿಷ್ ಮಹನೀಯನ ಸ್ಮರಣೆಗೆಂದು ಇಟ್ಟದ್ದೆಂದು ಹೇಳುವುದು ವಾಡಿಕೆ. ಆತ ಅಧ್ಯಯನ ಮಾಡಿದ್ದು ಕಲ್ಲಾಗಿಹೋದ ಪುರಾತನ ಸಸ್ಯಗಳನ್ನು. ಅವನ ಹೆಸರಿನ ಕೊನೆಯ ಅಕ್ಷರವೂ ಸರಿಯಾಗಿ ಉಳಿಯಲಿಲ್ಲ. ಈ ವಸ್ತುಗಳಲ್ಲಿ ಪ್ರಸಿದ್ಧವಾದ ವಿಥಫೆರಿನ್ನಿನ ರಚನೆಯನ್ನು ೧೯೬೫ರಲ್ಲಿ ಬಿಡಿಸಿದವರು ಇಸ್ರೇಲಿನ ವಿದ್ವಾಂಸರು.

ಗುಗ್ಗುಳದ ಅದೃಷ್ಟ ಬೇರೆ. ವೀರಭದ್ರನ ಉತ್ಸವಗಳಲ್ಲಿ ಗುಗ್ಗಳ ಹೊರುವುದನ್ನು ಕಂಡವರಿಗೆ ಆ ಹೊಗೆಯ ಪರಿಮಳವನ್ನು ವರ್ಣಿಸಬೇಕಾಗಿಲ್ಲ. ಸುಶ್ರುತ ಸಂಹಿತೆಯಲ್ಲಿ ಕೊಬ್ಬಿನ ರೋಗಕ್ಕೆ ಗುಗ್ಗುಳವನ್ನು ಹೇಳಿರುವುದನ್ನು ಓದಿ ಶ್ರೀಮತಿ ಜಿ. ವಿ. ಸತ್ಯವತಿಯವರು ಬನಾರಸ್ ಹಿಂದೂ ವಿಶ್ವವಿದ್ಯಾಲಯದಲ್ಲಿ ಅದನ್ನು ಪ್ರಾಣಿಗಳ ಮೇಲೆ ಪರೀಕ್ಷಿಸಿದರು. ಅವರ ಪ್ರಬಂಧ ೧೯೬೬ರದು. ಆ ಅಂಟಿನ ಸ್ಟೀರಾಯ್ಡುಗಳನ್ನು ಸುಖದೇವ್ ಮತ್ತು ಅವರ ಸಂಗಡಿಗರು ೧೯೭೨ರಲ್ಲಿ ಪ್ರಕಟಿಸಿದರು. ಹೆಸರಿಟ್ಟವರು ನಮ್ಮವರಾದ್ದರಿಂದ ಅದು ಗುಗ್ಗುಲ್‌ಸ್ಟರೋನ್ ಆಯಿತು. ಇದರಲ್ಲಿ ಎರಡು ಬಗೆಗಳಿವೆ, ಇ ಮತ್ತು ಝಡ್. ಇವು ಜರ್ಮನ್ ಭಾಷೆಯ ಎಂಟ್‌ಗೇಗನ್, ತ್ಸುಝಾಮನ್ ಎಂಬ ಪದಗಳ ಮೊದಲಕ್ಷರಗಳು. ಎದುರುಬದುರು, ಒಟ್ಟಿಗೆ ಎಂದು ಅರ್ಥ. ಪರಮಾಣುಗಳ ಗುಂಪುಗಳು ಜೋಡಿಗಂಟಿನ ಯಾವ ಬದಿಗಿವೆಯೆಂಬುದನ್ನು ಅವು ತಿಳಿಸುತ್ತವೆ. ಸಂಸ್ಕೃತ, ಗ್ರೀಕ್, ಜರ್ಮನ್ ಮೂರೂ ಒಂದೇ ಪದದಲ್ಲಿ ಜಗಳವಿಲ್ಲದೆ ಇರುವುದು ಸಂತೋಷದ ವಿಷಯ.

ನನ್ನ ಮನಸ್ಸಿಗೆ ಹೆಚ್ಚು ಹಿಡಿಸಿದ್ದು ಅವರೆಕಾಯಿಯ ಕಥೆ. ಗಿಡಗಳು ತಮ್ಮ ಸ್ವಂತ ಬೆಳವಣಿಗೆಗೂ ಸ್ಟೀರಾಯ್ಡನ್ನು ಬಳಸುತ್ತವೆ. ಅಮೆರಿಕದ ಕೃಷಿ ಇಲಾಖೆಯ ವಿಜ್ಞಾನಿಗಳು ಸಾಸಿವೆಯ ಹತ್ತಿರದ ಸಂಬಂಧಿಯಾದ ರೇಪ್ ಎಂಬ ಗಿಡದ ಪರಾಗವನ್ನು ಜೇನುಹುಳುಗಳಿಂದ ಕೂಡಿಸಿ, ೨೨೭ ಕಿಲೋಗ್ರಾಂ ಪರಾಗದಿಂದ ೪ ಮಿಲಿಗ್ರಾಂ ವಸ್ತುವನ್ನು ಹಿಂಡಿ ತೆಗೆದು, ೧೯೭೯ರಲ್ಲಿ ಅದಕ್ಕೆ ಬ್ರಾಸಿನೋಲೈಡ್ ಎಂದು ಹೆಸರಿಟ್ಟರು. ಸಾಸಿವೆಯ ಕುಲ ಬ್ರಾಸಿಕ. ಆಮೇಲೆ ಒಂದೊಂದು ಗಿಡದಲ್ಲಿಯೂ ಅದರ ಬಂಧುಗಳು ಕಾಣಿಸಿಕೊಂಡವು. ಚಹಾದಿಂದ ಟೀಸ್ಟರೋನ್, ಕೆರೆಯಂಚಿನ ಆಪಿನ ಪರಾಗದಿಂದ ಟೈಫಾಸ್ಟರಾಲ್, ಇತ್ಯಾದಿ. ೧೯೮೦ರ ದಶಕದ ಆರಂಭದಲ್ಲಿ ಜಪಾನಿನವರು ಎಳೆಯ ಅವರೆಕಾಳಿನಿಂದ ಬೇರ್ಪಡಿಸಿದ್ದೇ ಡೋಲಿಕೋಲೈಡ್ ಮತ್ತು ಡೋಲಿಕೋಸ್ಟರೋನ್. ಅವರೆಗೆ ಲಿನ್ನೇಯಸ್ ಇಟ್ಟಿದ್ದ ಹೆಸರು ಡಾಲಿಕಾಸ್ ಲಬ್‌ಲಬ್. ಡಾಲಿಕಾಸ್ ಎಂದರೆ ಗ್ರೀಕಿನಲ್ಲಿ ಉದ್ದವಾದದ್ದು. ಅನಂತರ ಸಸ್ಯಶಾಸ್ತ್ರಜ್ಞರು ಅವರೆಯನ್ನು ಆ ಕುಲದಿಂದ ಹೊರಹಾಕಿ ಲಬ್‌ಲಬ್ ಪರ್ಪ್ಯೂರಿಯಸ್ ಎಂದು ಬೇರೆ ಮನೆ ಮಾಡಿಕೊಟ್ಟರು. ಗಿಡಕ್ಕೆ ಹೊಸ ಹೆಸರು ಬಂದರೂ ಅದರೊಳಗಿನ ರಸಕ್ಕೆ ಹಳೆಯ ಹೆಸರೇ ಉಳಿದಿದೆ. ಮದುವೆಯಾಗಿ ದೂರ ಹೋದ ಹೆಣ್ಣನ್ನು ತೌರಿನವರು ಹಳೆಯ ಹೆಸರಿನಿಂದಲೇ ಕೂಗುವಂತೆ. ಅವರೆಯ ಸೊಗಡನ್ನೇ ಕಾಣದ ದೇಶದವರು ಅದರ ಅಂತರಂಗಕ್ಕೆ ಹೆಸರಿಟ್ಟರೆಂದು ನಮ್ಮ ತಾಯಿಗೆ ಹೇಳಿದಾಗ, "ಹೆಸರು ಇಟ್ಕೊಳ್ಲಿ ಬಿಡವ್ವ, ಬಿತ್ತೋರು ನಾವೇ ಅಲ್ವ" ಎಂದರು.

ಇದುವರೆಗೆ ಹೇಳಿದ್ದೆಲ್ಲ ವಸ್ತುಗಳ ಸ್ವಂತ ಹೆಸರುಗಳ ಮಾತು. ಅವು ಚರಿತ್ರೆಯನ್ನು ಹೇಳುತ್ತವೆ. ವಸ್ತುವಿನ ಸ್ವಭಾವವನ್ನು ಹೇಳುವುದು ಅಪರೂಪ. ಅಮೆರಿಕದ ಇಡಾಹೊ ಪ್ರಾಂತದಲ್ಲಿ ವೆರಾಟ್ರಮ್ ಎಂಬ ಗಿಡವನ್ನು ಮೇಯ್ದ ಗಬ್ಬದ ಕುರಿಗಳಿಗೆ ಹಣೆಯ ನಡುವೆ ಒಂದೇ ಕಣ್ಣಿನ ಮರಿಗಳು ಹುಟ್ಟುತ್ತಿದ್ದವು. ಕಾರಣವಾದ ವಸ್ತುವನ್ನು ಕಂಡುಹಿಡಿದು, ಗ್ರೀಕ್ ಪುರಾಣದ ಒಕ್ಕಣ್ಣ ರಾಕ್ಷಸ ಸೈಕ್ಲೋಪ್ಸನ ನೆನಪಿನಿಂದ ಸೈಕ್ಲೋಪಮೀನ್ ಎಂದು ಕರೆದರು. ಇಂತಹ ಅನ್ವರ್ಥ ನೂರಕ್ಕೊಂದು. ಸ್ವಭಾವವನ್ನು ತಿಳಿಯಬೇಕಾದರೆ ವಸ್ತುವಿನ ಸ್ವಂತ ಹೆಸರನ್ನು ಬಿಟ್ಟು ಮನೆತನದ ಹೆಸರನ್ನು ನೋಡಬೇಕು. ಇದರ ಮಹತ್ತ್ವ ನನಗೆ ಮನದಟ್ಟಾದದ್ದು ಕಣಗಿಲೆಯಿಂದ.

ನಾನು ಪಿ.ಯು.ಸಿ. ಓದುತ್ತಿದ್ದಾಗ ನೆರೆಮನೆಯ ಐದು ವರ್ಷದ ಹುಡುಗನೊಬ್ಬ ಆಟದಲ್ಲಿ ಯಾವುದೋ ಕಾಯಿಯನ್ನು ಕಚ್ಚಿ ವಾಂತಿ ಮಾಡತೊಡಗಿದನು. ಆಸ್ಪತ್ರೆಗೆ ಒಯ್ದಾಗ ಡಾಕ್ಟರು ಯಾವ ಗಿಡವೆಂದು ಕೇಳಿದರು. ಹಿರಿಯರು ಕಣಗಿಲೆ ಎಂದರು. "ಯಾವ ಕಣಗಿಲೆ?" ಎಂಬುದು ಅವರ ಮುಂದಿನ ಪ್ರಶ್ನೆ. ಕೆಂಪು, ಬಿಳಿ ಹೂವಿನದು ನೀರಿಯಮ್ ಕುಲದ ಕಣಗಿಲೆ, ಹಳದಿಯದು ಥೆವೆಟಿಯ, ಕಾಶಿಕಣಗಿಲೆ ಎಂದು ನಿತ್ಯಪುಷ್ಪವನ್ನೂ ಕರೆಯುತ್ತಾರೆ, ದೇವಕಣಗಿಲೆ ಇನ್ನೊಂದು ಮರ. ನಾಲ್ಕು ಗಿಡಗಳಿಗೆ ಒಂದೇ ಹೆಸರು ಹಂಚಿಹೋಗಿದೆ. ಊರಿನಿಂದ ಒಬ್ಬರು ಮೋಟಾರ್ ಸೈಕಲ್ಲಿನಲ್ಲಿ ಹಳದಿ ಹೂವೂ ಹಸಿರು ಕಾಯಿಯೂ ಇದ್ದ ರೆಂಬೆಯನ್ನು ತಂದುಕೊಟ್ಟ ಮೇಲೆ ವಿಷಯ ತಿಳಿಯಿತು. ಮೂರು ದಿನ ಹೃದಯದ ಬಡಿತವನ್ನು ಕಾದು ನೋಡಿದರು. ದೇವರ ದಯದಿಂದ ಹುಡುಗ ಈಗ ಶಾಲೆಗೆ ಹೋಗುತ್ತಿದ್ದಾನೆ.

ಹಳದಿ ಕಣಗಿಲೆಯ ವಿಷಗಳಲ್ಲಿ ಮುಖ್ಯವಾದದ್ದು ಥೆವೆಟಿನ್. ಹದಿನಾರನೆಯ ಶತಮಾನದಲ್ಲಿ ಬ್ರೆಜಿಲಿಗೆ ಹೋಗಿಬಂದ ಆಂದ್ರೆ ಥೆವೆ ಎಂಬ ಫ್ರೆಂಚ್ ಸಂನ್ಯಾಸಿಯ ಹೆಸರು ಅದರಲ್ಲಿದೆ. ಕೆಂಪು ಕಣಗಿಲೆಯ ವಿಷ ಒಲಿಯಾಂಡ್ರಿನ್. ಯೂರೋಪಿನ ಡಿಜಿಟಾಲಿಸಿನಿಂದ ಹೃದ್ರೋಗಿಗಳಿಗೆ ಕೊಡುವ ಔಷಧ ಡಿಜಾಕ್ಸಿನ್. ಮೂರು ಹೆಸರುಗಳಿಗೂ ಒಂದಕ್ಕೊಂದು ಸಂಬಂಧವೇ ಕಾಣದು. ಆದರೆ ಮೂರರ ಮನೆತನವೂ ಒಂದೇ, ಕಾರ್ಡಿನೋಲೈಡ್. ಕಾರ್ಡಿ ಎಂದರೆ ಹೃದಯ. ಓಲೈಡ್ ಎಂಬುದು ಆಗಲೇ ಹೇಳಿದ ಲ್ಯಾಕ್ಟೋನ್ ಉಂಗುರ. ಇವೆಲ್ಲ ಹೃದಯದ ಜೀವಕೋಶಗಳು ಸೋಡಿಯಮ್ಮನ್ನು ಹೊರಹಾಕುವ ಪಂಪನ್ನು ತಡೆಯುತ್ತವೆ. ಅಳತೆಯಲ್ಲಿದ್ದರೆ ಬಡಿತಕ್ಕೆ ಬಲ ಬರುತ್ತದೆ. ಅಳತೆ ಮೀರಿದರೆ ಬಡಿತ ತಾಳತಪ್ಪಿ ನಿಲ್ಲುತ್ತದೆ.

ಈ ಮನೆತನದ ಹೆಸರು ಬರಿಯ ಹೆಸರಲ್ಲವೆಂಬುದಕ್ಕೆ ಶ್ರೀಲಂಕೆಯೇ ಸಾಕ್ಷಿ. ಅಲ್ಲಿ ಹಳದಿ ಕಣಗಿಲೆಯ ಬೀಜ ತಿಂದು ಆಸ್ಪತ್ರೆ ಸೇರುವವರು ಬಹಳ. ಡಿಜಾಕ್ಸಿನ್ ಹೆಚ್ಚಾಗಿ ವಿಷವೇರಿದವರಿಗೆಂದು ಕುರಿಯ ರಕ್ತದಿಂದ ತಯಾರಿಸುವ ಒಂದು ಪ್ರತಿವಿಷವಿದೆ. ಬೇರೆ ಖಂಡದ ಬೇರೆ ಗಿಡಕ್ಕಾಗಿ ಮಾಡಿದ ಆ ಮದ್ದು ಥೆವೆಟಿಯದ ವಿಷವನ್ನೂ ಹಿಡಿದು ಕಟ್ಟಿಹಾಕುತ್ತದೆಂಬುದು ಅಲ್ಲಿ ನಡೆದು ೨೦೦೦ದಲ್ಲಿ ಪ್ರಕಟವಾದ ಪರೀಕ್ಷೆಯಿಂದ ಸಿದ್ಧವಾಯಿತು. ಪ್ರತಿವಿಷಕ್ಕೆ ಗಿಡದ ಹೆಸರು ತಿಳಿಯದು, ಫ್ರೆಂಚ್ ಸಂನ್ಯಾಸಿಯೂ ತಿಳಿಯನು. ಅದು ಗುರುತಿಸುವುದು ಆಕಾರವನ್ನು, ಕಾರ್ಡಿನೋಲೈಡ್ ಎಂಬ ಪದ ಹೇಳುವ ಆಕಾರವನ್ನು. ಹೀಗಾಗಿ ನನ್ನ ಮೊದಲ ಪ್ರಶ್ನೆಗೆ ಉತ್ತರ ಇಷ್ಟು: ಡಯೋಸ್‌ಜೆನಿನ್, ಥೆವೆಟಿನ್ ಮೊದಲಾದವು ಅನ್ವರ್ಥದ ವೇಷ ತೊಟ್ಟ ಅಂಕಿತನಾಮಗಳು, ಕಾರ್ಡಿನೋಲೈಡ್ ನಿಜವಾದ ಅನ್ವರ್ಥನಾಮ.

ಆದರೆ ಆ ಮದ್ದಿನ ಬೆಲೆ ಬಡ ದೇಶಗಳ ಕೈಗೆಟುಕುವಂತಹದಲ್ಲ. ೨೦೦೧ರಲ್ಲಿ ಶ್ರೀಲಂಕೆಯಲ್ಲಿ ಅದರ ದಾಸ್ತಾನು ಮುಗಿದುಹೋಯಿತು, ಸಾಯುವವರ ಸಂಖ್ಯೆ ಮತ್ತೆ ಏರಿತು. ನಮ್ಮ ಹಳ್ಳಿಗಳಲ್ಲಿ ಹಳದಿ ಕಣಗಿಲೆ ದೇವರ ಹೂವು. ಗುಡಿಯ ಮುಂದೆಯೂ ಶಾಲೆಯ ಬೇಲಿಯಲ್ಲಿಯೂ ಬೆಳೆಯುತ್ತದೆ. ಯಾರಾದರೂ ಅದನ್ನು ತಿಂದದ್ದು ಕಂಡರೆ ಮನೆಮದ್ದಿನಲ್ಲಿ ಹೊತ್ತು ಕಳೆಯದೆ ಆಸ್ಪತ್ರೆಗೆ ಒಯ್ಯಬೇಕು. ಹೋಗುವಾಗ ಎಲೆ, ಹೂವು, ಕಾಯಿ ಮೂರೂ ಇರುವ ಒಂದು ರೆಂಬೆಯನ್ನು ಮುರಿದು ಜೊತೆಗೆ ತೆಗೆದುಕೊಂಡು ಹೋಗಬೇಕು.